ಸಣ್ಣ ಗೌಡ, ಸಣ್ಣ ವಾಲಿಕಾರ

ನನ್ನ ತಮ್ಮ ಸಾಲಿಗೆ ಹೋಗಲು ಶುರುಮಾಡಿದ ಹೊಸತರಲ್ಲಿ ಒಂದು ಸಂಜೆ ಮಾಸ್ತರರು ನಮ್ಮ ವಾಡೆಗೆ ಬಂದರು. ಹೊರಗಿನಿಂದ ಆಗಷ್ಟೇ ಬಂದಿದ್ದ ಮನುಷ್ಯ, ಊರಿನ ಮುಖಗಳು ಇನ್ನೂ ಗುರುತಾಗಿರಲಿಲ್ಲ. ಪಡಸಾಲೆಯ ಕೆಳಗೆ ಚಪ್ಪಲಿ ಬಿಟ್ಟು, ಟೋಪಿ ತೆಗೆದು ಮತ್ತೆ ಹಾಕಿಕೊಂಡು, ಅಪ್ಪನ ಮುಂದೆ ಮಳೆ ಬೆಳೆ ಎಂದು ಸುತ್ತಿ ಬಳಸಿ ಮಾತಾಡಿ, ಕಡೆಗೆ ಬಂದ ವಿಷಯ ಬಾಯಿಬಿಟ್ಟರು.

“ಗೌಡ್ರ, ತಪ್ಪ ತಿಳ್ಕೋಬ್ಯಾಡ್ರಿ. ನಿಮ್ಮ ಮಗ ರೇವಣಸಿದ್ದಪ್ಪ ಒಂದಿನಾನೂ ಸಾಲಿಗಿ ಬಂದಿಲ್ರಿ. ನಾ ಹಾಜರಿ ಕರಿಯೂದೇ ಆಗ್ಯಾದ, ಓ ಅನ್ನವರೇ ಇಲ್ಲ.”

“ದಿನಾ ಮುಂಜಾನಿ ಪಾಟಿ ಹಿಡ್ಕೊಂಡು ಹೋಗ್ತಾನಲ್ರಿ ಮಾಸ್ತರ?”

“ನನಗೇನ್ ಗೊತ್ರಿ. ಇನ್ನೊಂದ್ ಮಾತು ಅದ. ಪಟ್ಟ್ಯಾಗ ಹೆಸರಿಲ್ಲದ ಹುಡುಗ ಒಬ್ಬ ದಿನಾ ಬಂದು ಎಲ್ಲಾರಕಿಂತ ಮುಂದ ಕುಂದರ್ತಾನ್ರಿ. ಯಾರ ಪೈಕಿ ಇವ ಅಂದ್ರ ಉಳಿದ ಹುಡುಗ್ರು ನಗ್ತಾವ.”

ಆ ಪಟ್ಟಿಯಲ್ಲಿಲ್ಲದ ಹುಡುಗ ಆಗ ಮಾಸ್ತರರ ಬೆನ್ನ ಹಿಂದೆಯೇ ಕಂಬಕ್ಕೆ ಒರಗಿ ಶೇಂಗಾ ತಿನ್ನುತ್ತ ನಿಂತಿದ್ದ. ಅಪ್ಪ ಅವನನ್ನು ನೋಡಿದರು, ಮಾಸ್ತರರನ್ನು ನೋಡಿದರು, ಆಮೇಲೆ ಕಣ್ಣಲ್ಲಿ ನೀರು ಬರುವ ತನಕ ನಕ್ಕರು. ರೇವಣಸಿದ್ದಪ್ಪ ಅಂದರೆ ತಾನೇ ಎಂದು ಆ ಹುಡುಗನಿಗೆ ಗೊತ್ತಿರಲಿಲ್ಲ. ದಿನಾ ಆ ಹೆಸರು ಕೂಗಿದಾಗ, ಸಾಲಿ ತಪ್ಪಿಸುವ ಈ ಪುಂಡ ಯಾರಿರಬಹುದು ಎಂದು ಅವನೂ ಎಲ್ಲರಂತೆ ಹಿಂದೆ ತಿರುಗಿ ನೋಡುತ್ತಿದ್ದನಂತೆ. ಮನೆಯಲ್ಲಿ ಎಲ್ಲರೂ ನಕ್ಕೆವು. ಅದರಲ್ಲಿ ನಗುವಂಥದ್ದು ಎಷ್ಟಿತ್ತು, ಅಳುವಂಥದ್ದು ಎಷ್ಟಿತ್ತು ಎಂದು ನನಗೆ ಹೊಳೆಯಲು ಇನ್ನೊಂದು ವರ್ಷ ಹೋಗಬೇಕಾಯಿತು.

ನಮ್ಮದು ಆಳಂದ ತಾಲೂಕಿನ ಒಂದು ಸಣ್ಣ ಊರು. ಕಿಣ್ಣಿ ಸುಲ್ತಾನ, ಮಟಕಿ ಎಂಬ ಊರುಗಳವರು ನಮಗೆ ಬೀಗರು. ಅವ್ವನ ತವರು ಅಫಜಲಪುರದ ಕಡೆ ಅತನೂರ. ನಮ್ಮದು ಪಾಟೀಲಕಿ ಮನೆ. ಕಾಗದದಲ್ಲಿ ಪಾಟೀಲ, ಊರ ಬಾಯಲ್ಲಿ ಗೌಡ. ಕಂದಾಯ ಕೂಡಿಸುವುದು, ಕಳವು ಜಗಳ ವಿಚಾರಿಸುವುದು, ಬಂದ ಅಧಿಕಾರಿಗಳನ್ನು ನೋಡಿಕೊಳ್ಳುವುದು, ಎಲ್ಲವೂ ನಿಜಾಮ ಸರಕಾರದ ಕೆಲಸ. ಆದರೆ ಆ ಕೆಲಸವನ್ನು ಅಪ್ಪನಿಗೆ ಯಾರೂ ನೋಡಿ ಆರಿಸಿ ಕೊಟ್ಟಿರಲಿಲ್ಲ. ಮುತ್ತಜ್ಜನ ಮೂಗು ಹೇಗೆ ಬಂದಿತ್ತೋ ಹಾಗೆ ಬಂದಿತ್ತು. ತಮ್ಮ ಹುಟ್ಟಿದಾಗ ತೊಟ್ಟಿಲಿಗೆ ಹಾಕಿ ಸೋದರತ್ತೆ ಕಿವಿಯಲ್ಲಿ ರೇವಣಸಿದ್ದಪ್ಪ ಎಂದು ಊದಿದಳು. ತೊಟ್ಟಿಲು ತೂಗುವುದು ನಿಲ್ಲುವ ಮೊದಲೇ ಆಯಿ, ಅಂದರೆ ಅಪ್ಪನ ತಾಯಿ, “ನಮ್ಮ ಸಣ್ಣ ಗೌಡ ಬಂದಾನ” ಅಂದಳು. ಆ ಹೆಸರು ಅಲ್ಲೇ ಕಿವಿಯಲ್ಲೇ ಉಳಿಯಿತು. ವಾರಸುದಾರನೆಂದು ತಾಲೂಕಿಗೆ ಬರೆದು ಕಳಿಸಿದರು, ಓಣಿಗೆಲ್ಲ ಸಕ್ಕರೆ ಹಂಚಿದರು, ಅಂದಿನಿಂದ ಆಳುಮಕ್ಕಳಿಗೂ ಅವ್ವನಿಗೂ ಅವನು ಸಣ್ಣ ಗೌಡನೇ. ನನ್ನ ವಿಷಯ ಬೇರೆ. ನನಗೆ ಯಾವ ಕೆಲಸವೂ ಕಾದಿರಲಿಲ್ಲವಾದ್ದರಿಂದ ನನ್ನ ಹೆಸರು ನನಗೆ ಉಳಿದಿತ್ತು. ದಿನವೆಲ್ಲ ನೀಲಾ, ನೀಲಾ ಎಂದು ಕೂಗುತ್ತಿದ್ದರು, ನೀರು ತಾ, ಕಸ ಹೊಡಿ, ತಮ್ಮನ್ನ ನೋಡು ಎಂದು.

ಈಗಲೂ ಕಣ್ಣು ಮುಚ್ಚಿದರೆ ಆ ವಾಡೆಯಲ್ಲಿ ಎಡವದೆ ತಿರುಗಾಡಬಲ್ಲೆ. ದೊಡ್ಡ ಬಾಗಿಲು ದಾಟಿದರೆ ಅಂಗಳ, ಎಡಕ್ಕೆ ಎತ್ತಿನ ಕೊಟ್ಟಿಗೆ, ಎದುರಿಗೆ ಪಡಸಾಲೆ. ಪಡಸಾಲೆಗೆ ಶಹಾಬಾದಿ ಕಲ್ಲಿನ ಫರಸಿ ಹಾಸಿತ್ತು. ಬೇಸಿಗೆಯ ಮಧ್ಯಾಹ್ನ ಅಪ್ಪ ಹೊಲಕ್ಕೆ ಹೋದದ್ದು ನೋಡಿಕೊಂಡು ಅದರ ಮೇಲೆ ಬೋರಲು ಮಲಗಿದರೆ ಹೊಟ್ಟೆಗೆ ಹಿತವಾದ ತಂಪು. ಮೂಲೆಯಲ್ಲಿ ಅಪ್ಪನ ಗಾದಿ, ಅದರ ಪಕ್ಕ ಸಣ್ಣದೊಂದು ಗಾದಿ ತಮ್ಮನದು. ಒಳಗೆ ಅಡುಗೆಮನೆಯಲ್ಲಿ ಮಾಳಿಗೆಯ ಬೆಳಕಿಂಡಿಯಿಂದ ಇಳಿದ ಬಿಸಿಲಕೋಲು ಮುಂಜಾನೆ ಒಲೆಯ ಹತ್ತಿರ, ಮಧ್ಯಾಹ್ನ ಒರಳಿನ ಹತ್ತಿರ ಇರುತ್ತಿತ್ತು. ಅವ್ವ ಹೊತ್ತು ನೋಡುತ್ತಿದ್ದದ್ದು ಅದರಿಂದಲೇ. ರೊಟ್ಟಿ ಬಡಿಯುವ ಸಪ್ಪಳ, ಪುಂಡಿಪಲ್ಯದ ಹುಳಿ ವಾಸನೆ, ಶೇಂಗಾದ ಹಿಂಡಿ ಕುಟ್ಟುವಾಗ ಆಯಿಯ ಒರಳಿನ ಸದ್ದು ಇವೇ ನನ್ನ ಬಾಲ್ಯ. ಊಟಕ್ಕೆ ಮೊದಲು ಅಪ್ಪ ಮತ್ತು ತಮ್ಮ. ಕಾವಲಿಯಿಂದ ಇಳಿದ ಮೊದಲ ರೊಟ್ಟಿ ಅಪ್ಪನಿಗೆ, ಎರಡನೆಯದು ಅವನಿಗೆ. ಅವನು ಉಬ್ಬಿದ ರೊಟ್ಟಿಯ ಮೇಲ್ಪದರವನ್ನು ಕಿತ್ತು ಅಪ್ಪ ಅತ್ತ ತಿರುಗಿದಾಗ ನನ್ನ ಕಡೆ ಚಾಚುತ್ತಿದ್ದ. ಗೌಡನಾಗಲು ಬೇಕಾದ ಗತ್ತು ಅವನಲ್ಲಿ ಎಳ್ಳಷ್ಟೂ ಇರಲಿಲ್ಲ. ಅಪರಿಚಿತರು ಬಂದರೆ ಕೊಟ್ಟಿಗೆಗೆ ಓಡಿಹೋಗಿ ಎತ್ತಿನ ಕೊರಳು ತಬ್ಬಿಕೊಂಡು ನಿಲ್ಲುತ್ತಿದ್ದ.

ಅಂಗಳದಾಚೆ, ದೊಡ್ಡ ಬಾಗಿಲ ಹೊರಗಿನ ಕಟ್ಟೆಯ ಬಳಿ ಭೀಮವ್ವ ನಿಲ್ಲುತ್ತಿದ್ದಳು. ಊರ ವಾಲಿಕಾರ ಹಣಮಂತನ ಹೆಂಡತಿ. ವಾಲಿಕಾರನೆಂದರೆ ಕಾವಲು, ಡಂಗುರ, ತಾಲೂಕಿಗೆ ಕಾಗದ ಒಯ್ಯುವುದು, ಕರೆದವರನ್ನು ಚಾವಡಿಗೆ ತಂದು ನಿಲ್ಲಿಸುವುದು, ಎಲ್ಲ. ಅದೂ ಸರಕಾರದ ಕೆಲಸವೇ, ಅದೂ ವಂಶದಿಂದಲೇ ಬರುವುದು. ಅದಕ್ಕೆ ಸಂಬಳವೆಂದು ಹಳ್ಳದ ಬದಿಯ ಒಂದು ತುಂಡು ಕರಿ ಹೊಲವಿತ್ತು. ಹಣಮಂತನಿಗೆ ಕೆಮ್ಮು ಹತ್ತಿ ಹಾಸಿಗೆ ಹಿಡಿದ ಮೇಲೆ ಅವನ ಗೆಜ್ಜೆಕೋಲು ಹಿಡಿದು ಭೀಮವ್ವನೇ ಆ ಕೆಲಸ ಮಾಡುತ್ತಿದ್ದಳು. ಅವಳ ದನಿ ಊರ ಹೆಬ್ಬಾಗಿಲಾದ ಅಗಸಿಯಲ್ಲಿ ಎದ್ದರೆ ಹಳ್ಳದಾಚೆಯ ಹೊಲಗಳಿಗೂ ಕೇಳುತ್ತಿತ್ತು. ಅವ್ವ ಮೇಲೆ ನಿಂತು ಅವಳ ಉಡಿಗೆ ರೊಟ್ಟಿ ಹಾಕುತ್ತಿದ್ದಳು, ಕೈಗೆ ಕೈ ತಾಕದ ಹಾಗೆ. ನಮ್ಮ ಮನೆಯಲ್ಲಿ ಪ್ರೀತಿಗೇನೂ ಕಡಿಮೆ ಇರಲಿಲ್ಲ, ಆದರೆ ಆ ಪ್ರೀತಿ ಮೇಲಿನಿಂದಲೇ ಬೀಳಬೇಕಿತ್ತು. ನೆನೆದರೆ ಈಗಲೂ ಮೈ ಕುಗ್ಗುತ್ತದೆ.

ಅವಳ ಮಗ ಮರೆಪ್ಪ ನನ್ನ ತಮ್ಮನ ಓರಗೆಯವನು. ಊರಿಗೆಲ್ಲ ಅವನು ಸಣ್ಣ ವಾಲಿಕಾರ. ಅವನ ಅವ್ವ ಮಾತ್ರ ಹೆಸರು ಹಿಡಿದೇ ಕರೆಯುತ್ತಿದ್ದಳು. ಬೇರೆ ಯಾರಾದರೂ ಸಣ್ಣ ವಾಲಿಕಾರ ಅಂದರೆ, “ಮರೆಪ್ಪ ಅನ್ರಿ, ಹೆಸರು ಅದ ಅವಗ” ಎಂದು ನಗುತ್ತಲೇ ತಿದ್ದುತ್ತಿದ್ದಳು. ಹುಡುಗರಿಬ್ಬರೂ ಕಟ್ಟೆಯ ಬಳಿ ಗೌಡ ವಾಲಿಕಾರ ಆಟ ಆಡುತ್ತಿದ್ದರು. ತಮ್ಮ ಕಲ್ಲಿನ ಮೇಲೆ ಕುಳಿತು ಏನು ಹುಕುಂ ಮಾಡಬೇಕೋ ತಿಳಿಯದೆ ಬೆವರುತ್ತಿದ್ದ. ಒಂದು ದಿನ ಅವನೇ, ನೀ ಗೌಡ ಆಗು, ನಾ ಓಡ್ತೇನಿ ಅಂದ. ಮರೆಪ್ಪ ಕಲ್ಲಿನ ಮೇಲೆ ಕುಳಿತ. ನನ್ನ ಮತ್ತು ಪಕ್ಕದ ಮನೆಯ ಗಂಗೂನ ಬಳೆಚೂರಿನ ಜಗಳವನ್ನು ಇಬ್ಬರ ಮಾತೂ ಕೇಳಿ ಬಗೆಹರಿಸಿಯೂ ಬಿಟ್ಟ. ತಮ್ಮ ಕೋಲು ಹಿಡಿದು ಅಗಸಿಯವರೆಗೆ ಕೂಗುತ್ತ ಓಡಿ ಬಂದ. ಅವನು ಅಷ್ಟು ಸಂತೋಷವಾಗಿದ್ದದ್ದನ್ನು ನಾನು ಮತ್ತೆ ನೋಡಲಿಲ್ಲ. ಆಯಿ ಬಾಗಿಲಿಗೆ ಬಂದವಳು ನೋಡಿದಳು. ಮರೆಪ್ಪನನ್ನು ಗದರಿ ಎಬ್ಬಿಸಿದಳು, ತಮ್ಮನ ಬೆನ್ನಿಗೆ ಎರಡು ಬಿಟ್ಟಳು, ಕಲ್ಲಿಗೆ ನೀರು ಹಾಕಿಸಿದಳು.

ಜೋಳದ ರಾಶಿ ಮುಗಿಯುವ ಹೊತ್ತಿಗೆ ಹಣಮಂತ ತೀರಿಕೊಂಡ. ಕಾಲವೂ ಚೆನ್ನಾಗಿರಲಿಲ್ಲ. ಸೋಲಾಪುರದ ಕಡೆಗೆಲ್ಲ ಸ್ವಾತಂತ್ರ್ಯ ಬಂದಿತ್ತು, ನಮ್ಮಲ್ಲಿಗೆ ಅದರ ಸುದ್ದಿ ಮಾತ್ರ ಬಂದಿತ್ತು. ರಜಾಕಾರರ ಭಯಕ್ಕೆ ಮುಸ್ಸಂಜೆಯಾದರೆ ದೊಡ್ಡ ಬಾಗಿಲಿಗೆ ಅಗಳಿ ಬೀಳುತ್ತಿತ್ತು. ಇದ್ದುಳ್ಳವರು ಗಡಿ ದಾಟಿ ಹೋಗುತ್ತಿದ್ದರು. ಆದರೂ ಊರಿಗೆ ವಾಲಿಕಾರ ಬೇಕಲ್ಲ. ಹಣಮಂತನ ತಮ್ಮ ದೇವಪ್ಪ ಬಂದು ಅಪ್ಪನ ಕಾಲಿಗೆ ಬಿದ್ದ, ಅಣ್ಣನ ಕೆಲಸ ತನ್ನದೆಂದ. ಕೆಲಸ ಹೋದರೆ ಹೊಲ ಹೋಗುತ್ತದೆ, ಹೊಲ ಹೋದರೆ ಭೀಮವ್ವ ಕಂಡವರ ಹೊಲದ ಕೂಲಿ. ಇದರ ಮೇಲೆ ಅಡುಗೆಮನೆಯಲ್ಲಿ ಅತ್ತೆ ಸೊಸೆಗೆ ಜಗಳ ಹತ್ತಿತು.

“ಇಷ್ಟ ದಿನ ದುಡದಾಕಿ ಅಕಿ,” ಅಂದಳು ಅವ್ವ. “ಹೊಲ ಕಸಗೊಂಡ್ರ ಆ ಕೂಸಿನ ಗತಿ ಏನ್ರಿ ಅತ್ತಿ?”

“ಹೆಣ್ಮಗಳು ಕೋಲ ಹಿಡದು ಊರ ಮುಂದ ಒದರೂದು ಚಂದೇನ ಬೇ? ಗಂಡಸ್ರು ಸತ್ತಾರೇನು?”

“ಅಕಿ ಗಂಡಂತೂ ಸತ್ತಾನ.”

ಆಯಿ ಹಿಂಡಿ ಕುಟ್ಟುವುದನ್ನು ನಿಲ್ಲಿಸಿದಳು. ಅವ್ವ ಅಷ್ಟು ಎದುರು ಮಾತಾಡಿದ್ದು ನಾನು ಕೇಳಿದ್ದು ಅದೊಂದೇ ಸಲ. ಆ ದಿನ ಹಿಂಡಿಯಲ್ಲಿ ಉಪ್ಪು ಹೆಚ್ಚಾಗಿತ್ತು, ನೀರು ಕುಡಿಯುತ್ತ ತಿಂದೆವು. ಊಟವಾದ ಮೇಲೆ ಅಪ್ಪ ಕೈ ತೊಳೆಯುತ್ತ ತಾವು ಕಂಡುಕೊಂಡ ಉಪಾಯ ಹೇಳಿದರು. ಮರೆಪ್ಪನನ್ನು ವಾರಸುದಾರನೆಂದು ಬರೆಸುವುದು. ಅವನು ಕೈಗೆ ಬರುವವರೆಗೆ ಅವನ ಹೆಸರಿನ ಮೇಲೆ ಅವನ ಅವ್ವ ಕೆಲಸ ಮಾಡುವುದು. ಹೊಲವೂ ಉಳಿಯಿತು, ಕಾಯಿದೆಯೂ ಉಳಿಯಿತು. ಅಪ್ಪನ ಮುಖದಲ್ಲಿ ದೊಡ್ಡ ಪುಣ್ಯ ಮಾಡಿದ ಕಳೆ. ಅವ್ವನಿಗಂತೂ ಹಿಗ್ಗು. ಮರುದಿನ ಭೀಮವ್ವನ ಉಡಿಗೆ ನನ್ನ ತಮ್ಮನ ಹಳೆಯ ಅಂಗಿ ಹಾಕಿ, ಹೆಸರು ಬರೆಸುವ ದಿನ ಹುಡುಗನಿಗೆ ಎರೆದು ಇದನ್ನು ತೊಡಿಸಿ ಕರಕೊಂಡು ಬಾ ಎಂದಳು. ಭೀಮವ್ವ ಅಂಗಿಯನ್ನು ನೋಡಿದಳು, ಬಗಲಿಗೆ ಇಟ್ಟುಕೊಂಡು ಹೋದಳು.

ಗಿರದಾವರ ಸಾಹೇಬರು ಬಂದದ್ದು ಬಿಸಿಲಿನ ದಿನಗಳಲ್ಲಿ. ಊರೂರು ತಿರುಗಿ ಲೆಕ್ಕಪತ್ರ ನೋಡುವ ತಾಲೂಕಿನ ಅಧಿಕಾರಿ. ತೆಳ್ಳಗಿನ, ಮೆಲುಮಾತಿನ ಮನುಷ್ಯ. ಮನೆಯಲ್ಲಿ ದಖನಿ ಉರ್ದು, ಹೊರಗೆ ಕನ್ನಡ. ಪುಂಡಿಪಲ್ಯವೆಂದರೆ ಪ್ರಾಣ. ಅವರು ಬರುತ್ತಾರೆಂದರೆ ಅವ್ವ ಬೇರೆ ಅಡುಗೆ ಯೋಚಿಸುತ್ತಲೇ ಇರಲಿಲ್ಲ. ಅವರು ಫರಸಿಯ ಮೇಲೆ ಜಮಖಾನೆ ಹಾಸಿ ಕುಳಿತರು, ಅಪ್ಪ ಗಾದಿಯ ಮೇಲೆ, ತಮ್ಮ ಸಣ್ಣ ಗಾದಿಯ ಮೇಲೆ. ಹೆಂಗಸರು ನಾವು ಅಡುಗೆಮನೆಯ ಬಾಗಿಲ ಹಿಂದೆ. ಭೀಮವ್ವನನ್ನು ಅಂಗಳದವರೆಗೆ ಬರಗೊಟ್ಟಿದ್ದರು. ದೇವಪ್ಪ ಕೊಟ್ಟಿಗೆಯ ಗೋಡೆಗೆ ನಿಂತಿದ್ದ. ಮರೆಪ್ಪನ ಮೈಮೇಲೆ ನನ್ನ ತಮ್ಮನ ಅಂಗಿ ಇರಲಿಲ್ಲ, ತನ್ನ ಹರಕು ಅಂಗಿಯೇ ಇತ್ತು.

“ಬಚ್ಚಾನ ಹೆಸರು ಹೇಳಮ್ಮ, ಬರಕೋತೇನಿ,” ಅಂದರು ಸಾಹೇಬರು.

“ಅವನ ಹೆಸರು ಬರೀಬ್ಯಾಡ್ರಿ ಸಾಹೇಬ್ರ.”

ಸಾಹೇಬರು ಲೇಖನಿ ಎತ್ತಿದ ಕೈಯಲ್ಲೇ ಅಪ್ಪನ ಕಡೆ ನೋಡಿದರು. ಅಪ್ಪ, ಇವಳಿಗೆ ತಿಳಿದಿಲ್ಲವೆಂದು ಮತ್ತೆ ಮೊದಲಿನಿಂದ ಬಿಡಿಸಿ ಹೇಳಿದರು. ಹೊಲ ನಿನಗೇ ಉಳಿಯುತ್ತದೆ, ಕೆಲಸ ನೀನೇ ಮಾಡುವುದು, ಹೆಸರಷ್ಟೇ ಅವನದು.

“ತಿಳದದ್ರಿ ಗೌಡ್ರ. ಹೆಸರೇ ಬ್ಯಾಡ ಅಂತೇನಿ. ನನ್ನ ಹೆಸರು ಬರಕೋರಿ. ಕೆಲಸ ನಾನೇ ಮಾಡಾಕತ್ತೇನಿ, ಮುಂದೂ ಮಾಡ್ತೇನಿ. ನಾ ಸತ್ತ ಮ್ಯಾಗ ಯಾರ ಕೈಲಾಗ್ತದೋ ಅವರಿಗಿ ಕೊಡ್ರಿ.”

“ಹುಚ್ಚಿ ಇದ್ದಿ ಏನ್ ನೀ?” ಅಪ್ಪನ ದನಿ ಏರಿತು. “ನಮ್ಮ ಮನ್ಯಾಗ ಕೂಸು ತೊಟ್ಟಲ್ದಾಗ ಇದ್ದಾಗ ಹೆಸರು ಬರಸ್ತೇವಿ. ಸಕ್ಕರಿ ಹಂಚ್ತೇವಿ.”

“ನಿಮ್ಮ ಮಗನ ಹೆಸರು ಬರದ್ರ ಅವ ಕುಂದರ್ತಾನ್ರಿ. ನನ್ನ ಮಗನ ಹೆಸರು ಬರದ್ರ ಅವ ನಿಂದರಬೇಕಾಗ್ತದ.”

ಎತ್ತು ಬಾಲ ಬೀಸಿದ ಸದ್ದು ಕೇಳಿತು. ಸಾಹೇಬರೇ ಕಡೆಗೆ ಸಮಾಧಾನದಿಂದ ಕೇಳಿದರು, ಹಾಗಾದರೆ ಅವನು ಏನು ಮಾಡಬೇಕು ಅಂತಿದ್ದೀ ಎಂದು. ಆಳಂದದಲ್ಲಿ ನನ್ನ ಅಣ್ಣ ಹಮಾಲಿ ಮಾಡಿಕೊಂಡಿದ್ದಾನೆ, ಅಲ್ಲಿ ಸಾಲಿಗೆ ಹಾಕುತ್ತೇನೆ ಅಂದಳು. ನಮ್ಮೂರ ಸಾಲಿ ನಡೆಯುತ್ತಿದ್ದದ್ದು ಹಣಮಪ್ಪ ದೇವರ ಗುಡಿಯಲ್ಲಿ. ಅವರ ಕೇರಿಯ ಮಕ್ಕಳು ಆ ಗುಡಿಯ ಮೆಟ್ಟಿಲೂ ಹತ್ತುವಂತಿರಲಿಲ್ಲ.

“ಸಾಲಿ ಕಲ್ತು ಏನಾಗ್ತಾನಮ್ಮ?”

“ಅದು ನನಗ ಗೊತ್ತಿಲ್ರಿ. ಗೊತ್ತಿಲ್ಲದ್ದೇ ಚಲೋ ಅದ ನೋಡ್ರಿ. ಇದಂತೂ ಏನಂತ ನನಗ ಪೂರಾ ಗೊತ್ತದ.”

ಸಾಹೇಬರು ಲೇಖನಿ ಕೆಳಗಿಟ್ಟರು. “ಹೆಣ್ಮಗಳ ಹೆಸರು ವಾಲಿಕಾರಿಕಿಗಿ ಹ್ಯಾಂಗ ಬರೀಲಿ ಪಾಟೀಲರ? ಮ್ಯಾಗಿನವ್ರು ನನಗ ನಗ್ತಾರ.”

ಆಗ ನನ್ನ ಪಕ್ಕದಿಂದ, ಬಾಗಿಲ ಹಿಂದಿನಿಂದ ಆಯಿ ಮಾತಾಡಿದಳು. ಹೊರಗಿನ ಗಂಡಸಿನೊಡನೆ ಅವಳು ಮಾತಾಡಿದ್ದನ್ನು ನಾನು ಕಂಡವಳಲ್ಲ.

“ನನ್ನ ಹೆಸರು ಬರದಿದ್ರಲ್ರಿ ಸಾಹೇಬ್ರ. ಇವ್ರಪ್ಪ ಸತ್ತಾಗ ನನ್ನ ಮಗ ಇವ ಸಣ್ಣಾವ ಇದ್ದ. ಇವ ದೊಡ್ಡಾವಾಗೂತನಕ ಕಾಗದದಾಗ ಪಾಟೀಲಕಿ ನನ್ನ ಹೆಸರ್ಲೆ ಇತ್ತು.”

ಸಾಹೇಬರು ನೆಟ್ಟಗೆ ಕುಳಿತು ಬಾಗಿಲ ಕಡೆಗೆ ಕೈ ಎತ್ತಿ ಸಲಾಮು ಮಾಡಿದರು. “ಖರೆ ಅದ ಅಮ್ಮಾ. ಆದ್ರ ಅದು ಬರೀ ಹೆಸರು. ಕೆಲಸ ನಿಮ್ಮ ಗುಮಾಸ್ತ ಮಾಡತಿದ್ದ. ನೀವೇನ್ ಚಾವಡಿಗಿ ಬಂದ್ರ?”

“ಅದೇ ನಾ ಕೇಳಾಕತ್ತೇನಿ. ಕೆಲಸ ಮಾಡದ ನನ್ನ ಹೆಸರು ಬರದ್ರಿ, ಮಾಡೂ ಅಕಿ ಹೆಸರು ಬರ್ಯಂಗಿಲ್ಲ ಅಂತೀರಿ. ಇದು ಯಾವ ಕಾಯ್ದಿ?”

ಇಷ್ಟು ಹೇಳಿ ಆಯಿ ತಾನು ಏನು ಹೇಳಿದೆನೆಂದು ತನಗೇ ಗಾಬರಿಯಾದವಳಂತೆ ಸೆರಗು ಎಳೆದುಕೊಂಡು ದೇವರ ಮನೆಗೆ ಹೋದಳು. ಆ ಇಡೀ ದಿನ ಅಲ್ಲಿಂದ ಹೊರಗೆ ಬರಲಿಲ್ಲ. ಹುಡುಗನನ್ನು ಕಲ್ಲಿನಿಂದ ಎಬ್ಬಿಸಿ ನೀರು ಹಾಕಿಸಿದವಳೂ ಅವಳೇ, ಈ ಮಾತು ಆಡಿದವಳೂ ಅವಳೇ. ಒಬ್ಬಳಲ್ಲೇ ಇವೆರಡೂ ಹೇಗೆ ಇದ್ದವೆಂದು ನಾನು ಅವಳನ್ನು ಕೇಳಲಿಲ್ಲ, ಕೇಳುವ ವಯಸ್ಸು ಬಂದಾಗ ಅವಳಿರಲಿಲ್ಲ. ಉತ್ತರವಿಲ್ಲದಾಗ ಗಂಡಸರು ಮಾಡುವುದನ್ನೇ ಸಾಹೇಬರೂ ಅಪ್ಪನೂ ಮಾಡಿದರು, ಇದ್ದ ಕಾಯಿದೆಯ ಪ್ರಕಾರ ನಡೆದರು. ದೇವಪ್ಪನ ಹೆಸರು ಬಲದಿಂದ ಎಡಕ್ಕೆ ಉರ್ದುವಿನಲ್ಲಿ ದಾಖಲಾಯಿತು. ಭೀಮವ್ವ ಗೆಜ್ಜೆಕೋಲನ್ನು ಪಡಸಾಲೆಯ ಅಂಚಿಗೆ ಆನಿಸಿ ಇಟ್ಟಳು. ಅದರ ಪಕ್ಕದಲ್ಲೇ, ಮಡಿಸಿದ ಮಡಿಕೆ ಬಿಚ್ಚದ ನನ್ನ ತಮ್ಮನ ಅಂಗಿ. ಮಗನ ಕೈ ಹಿಡಿದು ದೊಡ್ಡ ಬಾಗಿಲು ದಾಟಿ ಹೋದಳು. ಅವ್ವ ಅಂಗಿಯನ್ನು ಎತ್ತಿಕೊಂಡು ಬಹಳ ಹೊತ್ತು ಕೈಯಲ್ಲೇ ಹಿಡಿದಿದ್ದಳು. ಅಪ್ಪನ ಸಿಟ್ಟು ವಾರಗಟ್ಟಲೆ ಇಳಿಯಲಿಲ್ಲ. ಒಳ್ಳೆಯದು ಮಾಡಲು ಹೋದವನಿಗೆ, ಕೊಟ್ಟದ್ದನ್ನು ತಿರುಗಿ ಕೊಟ್ಟರೆ ಆಗುವಂಥ ಸಿಟ್ಟು ಅದು.

ಮಳೆಗೆ ಮುಂಚೆ ಭೀಮವ್ವ ಮರೆಪ್ಪನನ್ನು ಆಳಂದಕ್ಕೆ ಬಿಟ್ಟು ಬಂದಳು. ಮಳೆ ಮುಗಿಯುವ ಹೊತ್ತಿಗೆ ದೊಡ್ಡ ರಸ್ತೆಯಲ್ಲಿ ಮಿಲಿಟರಿ ಲಾರಿಗಳು ಹೋದವೆಂದು, ನಿಜಾಮರ ಆಳ್ವಿಕೆ ಮುಗಿಯಿತೆಂದು ಸುದ್ದಿ ಬಂತು. ಆ ಸುದ್ದಿಯನ್ನು ಅಗಸಿಯಲ್ಲಿ ನಿಂತು ಸಾರಿದವನು ದೇವಪ್ಪ. ಅವನ ದನಿ ಭೀಮವ್ವನಷ್ಟು ಹೋಗುವುದಿಲ್ಲವಾದ್ದರಿಂದ ಹಳ್ಳದಾಚೆಯವರಿಗೆ ಸ್ವಾತಂತ್ರ್ಯ ಬಂದದ್ದು ಮರುದಿನ ತಿಳಿಯಿತು. ಗಿರದಾವರ ಸಾಹೇಬರನ್ನು ಆಮೇಲೆ ನಾವು ನೋಡಲಿಲ್ಲ. ಆ ದಿನಗಳಲ್ಲಿ ಅವರಂಥ ಎಷ್ಟೋ ಜನರಿಗೆ ಕೆಟ್ಟ ಕಾಲ ಬಂದಿತ್ತು. ಅಪ್ಪ ಎಲ್ಲೆಲ್ಲೋ ವಿಚಾರಿಸಿದರು, ತಿಳಿಯಲಿಲ್ಲ. ಪುಂಡಿಪಲ್ಯ ಮಾಡಿದಾಗೆಲ್ಲ ಅವ್ವ ಅವರನ್ನು ನೆನೆಯುತ್ತಿದ್ದಳು. ಹೊಸ ಸಾಹೇಬರು ಬಂದರು, ಭಾಷೆ ಬದಲಾಯಿತು, ಜಮಖಾನೆ ಅದೇ ಇತ್ತು. ಅವರೂ ಮೊದಲು ಕೇಳಿದ್ದು ವಾರಸುದಾರ ಯಾರೆಂದೇ.

ಆ ವರ್ಷದ ಎಳ್ಳಮಾಸಿಗೆ, ಅಂದರೆ ಎಳ್ಳು ಅಮಾವಾಸ್ಯೆಗೆ, ನಾವು ಬಂಡಿ ಕಟ್ಟಿಕೊಂಡು ಹೊಲಕ್ಕೆ ಹೋದೆವು. ಸಜ್ಜಿ ರೊಟ್ಟಿ, ಭಜ್ಜಿ, ಬುಟ್ಟಿ ತುಂಬ ಕಡಬು. ಜೋಳ ಎದೆಯುದ್ದ ನಿಂತಿತ್ತು. ಅಪ್ಪ ಬೆಳೆಗೆ ಎಡೆಯೆಂದು ಚರಗ ಚೆಲ್ಲುತ್ತ ಮುಂದೆ ಹೋದರು, ತಮ್ಮ ಹಿಂದೆ ನೀರಿನ ತಂಬಿಗೆ ಹಿಡಿದು. ಹಳ್ಳದ ಬದಿಯ ವಾಲಿಕಾರಿಕೆ ಹೊಲದಲ್ಲಿ ದೇವಪ್ಪನ ಮನೆಯವರು ಉಣ್ಣುತ್ತಿದ್ದರು. ಭೀಮವ್ವ ಅವರ ಪೈಕಿ ಇರಲಿಲ್ಲ, ತನ್ನ ಗಂಟು ಬಿಚ್ಚಿಕೊಂಡು ಬದುವಿನಾಚೆ ಬೇರೆ ಕುಳಿತಿದ್ದಳು. ಹಬ್ಬಕ್ಕೆಂದು ಆಳಂದದಿಂದ ಬಂದ ಮರೆಪ್ಪ ಬದುವಿನ ಮೇಲೆ ನಮಗೆ ಬೆನ್ನು ಮಾಡಿ ನಡೆಯುತ್ತಿದ್ದ. ತಮ್ಮನಿಗೆ ಹಿಗ್ಗೋ ಹಿಗ್ಗು. ತಂಬಿಗೆ ನನ್ನ ಕೈಗೆ ಕೊಟ್ಟು ಓಡಿದ.

“ಲೇ, ಸಣ್ಣ ವಾಲಿಕಾರ.”

ಅವನು ತಿರುಗಲಿಲ್ಲ. ತಮ್ಮ ಇನ್ನೂ ಗಟ್ಟಿಯಾಗಿ ಕೂಗಿದ. ಆಗಲೂ ಇಲ್ಲ. ಕೇಳಿಸದಷ್ಟು ದೂರವೇನೂ ಇರಲಿಲ್ಲ. ನಾನು, ಮರೆಪ್ಪ ಅನ್ನು ಅಂದೆ. ತಮ್ಮ ಮರೆಪ್ಪ ಅಂದ. ಅವನು ಕೂಡಲೇ ತಿರುಗಿ ನಗುತ್ತ ಬಂದ. ಸಾಲಿಯಲ್ಲಿ ದಿನಾ ಹೆಸರು ಕರೆಯುತ್ತಾರೆಂದೂ ತಾನು ದಿನಾ ಹಾಜರ್ ಅನ್ನುತ್ತೇನೆಂದೂ ಹೇಳಿದ. ಆಮೇಲೆ ಏನೋ ನೆನಪಾದಂತೆ ಕೇಳಿದ.

“ಅಲ್ಲಲೇ, ನಿನ್ನ ಹೆಸರೇನು?”

“ಸಣ್ಣ ಗೌಡ.”

“ಅದು ಕೆಲಸ. ಹೆಸರು ಕೇಳಾಕತ್ತೇನಿ.”

ತಮ್ಮ ಬಾಯಿ ತೆರೆದು ಹಾಗೆಯೇ ನಿಂತ. ಮಾಸ್ತರರು ಬಂದುಹೋದ ಮೇಲೆ ಅವನಿಗೆ ಹೆಸರು ಗೊತ್ತಿರಲಿಲ್ಲವೆಂದಲ್ಲ. ಆದರೆ ಅದನ್ನು ತನ್ನ ಬಾಯಿಂದ ತನ್ನದೆಂದು ಹೇಳಿ ಅಭ್ಯಾಸವಿರಲಿಲ್ಲ. ಅವನು ನನ್ನ ಕಡೆ ನೋಡಿದ. ನಾನೇ ಹೇಳಿದೆ. ಸಂಜೆ ಬಂಡಿಯಲ್ಲಿ ಮನೆಗೆ ಬರುವಾಗ ಅವನು ಜೋಳದ ಸಾಲುಗಳ ಕಡೆ ಮುಖ ಮಾಡಿ, ರೇವಣಸಿದ್ದಪ್ಪ, ರೇವಣಸಿದ್ದಪ್ಪ ಎಂದು ಸಣ್ಣಗೆ ಅಂದುಕೊಳ್ಳುತ್ತಿದ್ದ. ಅವ್ವ ಕೇಳಿಸಿಕೊಂಡು ಮುಖ ತಿರುಗಿಸಿ ಕಣ್ಣೊರೆಸಿಕೊಂಡಳು. ಮನೆ ಬಂದಾಗ ಆಯಿ ಬಾಗಿಲಲ್ಲಿ ನಿಂತು, ಬಾರೋ ನನ್ನ ಸಣ್ಣ ಗೌಡ ಅಂದಳು. ಅವನು ಇಳಿದು ಹೋದ.

ಎಷ್ಟೋ ವರ್ಷಗಳ ಮೇಲೆ ವಂಶಪಾರಂಪರ್ಯದ ಪಾಟೀಲಕಿ ಕಾನೂನಿನಿಂದಲೇ ಹೋಯಿತು. ಯಾರು ಬೇಕಾದರೂ ಅರ್ಜಿ ಹಾಕಬಹುದು, ಆರಿಸಿ ತೆಗೆದುಕೊಳ್ಳುತ್ತೇವೆ ಅಂದರು. ಅಪ್ಪ ಆ ದಿನ ಊಟ ಬಿಟ್ಟರು. ತಮ್ಮ ಕೊಟ್ಟಿಗೆಗೆ ಹೋಗಿ ಎತ್ತಿನ ಮೈ ತಿಕ್ಕುತ್ತ ನಿಂತ, ಅವನ ಹೆಗಲು ಹಗುರಾದದ್ದು ಹಿಂದಿನಿಂದ ನೋಡಿದರೂ ತಿಳಿಯುತ್ತಿತ್ತು. ಅರ್ಜಿ ಅವನು ಹಾಕಲಿಲ್ಲ, ಒಕ್ಕಲುತನ ಮಾಡಿದ, ಚೆನ್ನಾಗಿಯೇ ಮಾಡಿದ. ಮರೆಪ್ಪ ಜೇವರ್ಗಿ ಕಡೆ ಎಲ್ಲೋ ಸಾಲಿ ಮಾಸ್ತರನಾದನೆಂದು ಕೇಳಿದೆ. ಭೀಮವ್ವ ಕಡೆಯವರೆಗೂ ಕಂಡವರ ಹೊಲದಲ್ಲಿ ಕಳೆ ತೆಗೆದಳು, ಮಗ ಕರೆದರೂ ಬಹಳ ದಿನ ಹೋಗಲಿಲ್ಲ.

ತಮ್ಮನಿಗೆ ಈಗ ಎಂಬತ್ತು ದಾಟಿದೆ. ವಾರಕ್ಕೊಮ್ಮೆ ಫೋನು ಮಾಡುತ್ತೇನೆ. ಅವನನ್ನು ಹೆಸರು ಹಿಡಿದು ಕರೆಯುವವಳು ನಾನೊಬ್ಬಳೇ ಉಳಿದಿದ್ದೇನೆ. ರೇವಣಸಿದ್ದಪ್ಪ ಅನ್ನುತ್ತೇನೆ. ಆ ಕಡೆ ಒಂದು ಗಳಿಗೆ ಸುಮ್ಮನಿರುತ್ತದೆ. ಕರೆದದ್ದು ಯಾರನ್ನೋ ಎಂದು ಹಿಂದೆ ತಿರುಗಿ ನೋಡಿದ ಹಾಗೆ. ಆಮೇಲೆ ಓ ಅನ್ನುತ್ತಾನೆ.